ಅರ್ಧ ಕೇಳಿಸಿದ ಪದ

"ಮೇಡಂ, ಒಂದು ನಿಮಿಷ. ಅನ್‌ರಿಮಾರ್ಕಬಲ್ ಅಂದ್ರೆ ಏನು?"

ನಾಲ್ಕನೇ ಮಹಡಿಯ ಕೊನೆಯ ಮೆಟ್ಟಿಲು ಹತ್ತಿ ಅವಳು ಏದುಸಿರು ಬಿಡುತ್ತಿದ್ದಳು. ಆಸ್ಪತ್ರೆಯ ಹಳೇ ಕಟ್ಟಡದ ಲಿಫ್ಟ್ ಕೆಟ್ಟು ಅವತ್ತಿಗೆ ಐದನೇ ದಿನ. ಅದನ್ನು ರಿಪೇರಿ ಮಾಡಬೇಕಾದ ಮನುಷ್ಯ ಟೂಲ್ ಬಾಕ್ಸಿನ ಮೇಲೆ ಆರಾಮಾಗಿ ಕೂತು, ಮಂಡಿಗೆ ಗ್ರೀಸ್ ಮೆತ್ತಿಕೊಂಡು, ಅವಳನ್ನೇ ನೋಡುತ್ತಿದ್ದ. ಬೆವರಿಗೆ ಹಣೆಗಂಟಿದ ಕೂದಲು, ಹೆಗಲಿಂದ ಜಾರಿದ ಬ್ಯಾಗು, ತನ್ನ ಅವತಾರ ಹೇಗಿದೆಯೆಂದು ಅವಳಿಗೆ ಗೊತ್ತಿತ್ತು.

"ನೋಡಿದವರಿಗೆ ಹೇಳಿಕೊಳ್ಳೋಂಥದ್ದು ಏನೂ ಕಾಣಿಸಲಿಲ್ಲ ಅಂತ ಅರ್ಥ" ಎಂದಳು. "ನಾಲ್ಕು ಮಹಡಿ ಹತ್ತಿಸಿ, ಮೇಲೆ ಇದನ್ನೂ ಹೇಳೋಕೆ ಭಾರೀ ಧೈರ್ಯ ಬೇಕು."

ಅವನು ದಡಬಡಿಸಿ ಎದ್ದು ನಿಂತ. "ಅಯ್ಯೋ, ನಿಮಗಲ್ಲ! ನನ್ನ ಕುತ್ತಿಗೆಗೆ ಬರೆದಿದ್ದಾರೆ!"

ಎರಡು ಬೆರಳಿನ ತುದಿಯಲ್ಲಿ, ಗ್ರೀಸ್ ತಾಗದ ಹಾಗೆ, ಅವನು ಒಂದು ಕಾಗದ ಹಿಡಿದಿದ್ದ. ಸ್ಕ್ಯಾನ್ ರಿಪೋರ್ಟು. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗಾಯಿತಲ್ಲ ತನ್ನ ಕತೆ, ಎಂದು ಅವಳಿಗೆ ಕಿವಿಯವರೆಗೂ ನಾಚಿಕೆ ಏರಿತು. ಆ ನಾಚಿಕೆ ಮುಚ್ಚಿಕೊಳ್ಳಲು ಕಾಗದ ಕಿತ್ತುಕೊಂಡು ಓದಿದಳು.

"ಥೈರಾಯ್ಡ್ ಗ್ರಂಥಿ. ಬಲಗಡೆ ಭಾಗ ಅನ್‌ರಿಮಾರ್ಕಬಲ್. ಸ್ಕ್ಯಾನ್ ಭಾಷೆಯಲ್ಲಿ ಇದಕ್ಕಿಂತ ದೊಡ್ಡ ಹೊಗಳಿಕೆ ಇಲ್ಲ. ಎಲ್ಲ ಸರಿಯಾಗಿದೆ ಅಂತ."

"ಹಂಗಾ!" ಅವನ ಮುಖ ಅರಳಿತು. "ಮತ್ತೆ ಎಡಗಡೆಗೆ?"

ಎಡಗಡೆಗೆ ಹೊಗಳಿಕೆ ಇರಲಿಲ್ಲ. ಒಂದು ಗಂಟು ಇತ್ತು, ಎರಡು ಸೆಂಟಿಮೀಟರಿಗಿಂತ ತುಸು ಚಿಕ್ಕದು. ಸೂಜಿ ಹಾಕಿ ಪರೀಕ್ಷೆ ಮಾಡಿ ಎಂದು ಕೆಳಗೆ ಬರೆದಿತ್ತು. ಅವಳು ಅದನ್ನು ಇದ್ದ ಹಾಗೆ ಓದಿ ಹೇಳಿದಳು, ಹೆಚ್ಚಿಲ್ಲ, ಕಡಿಮೆಯಿಲ್ಲ. ಅವನು ತಲೆಯಾಡಿಸಿ ಕಾಗದ ಮಡಚಿ ಜೇಬಿಗಿಟ್ಟುಕೊಂಡ.

"ನೀವು ಡಾಕ್ಟರಾ?"

"ಅಲ್ಲ. ಡಾಕ್ಟರುಗಳು ಮಾತಾಡಿ ರೆಕಾರ್ಡ್ ಮಾಡ್ತಾರೆ. ನಾನು ಕಿವಿಗೆ ಹೆಡ್‌ಫೋನ್ ಸಿಕ್ಕಿಸಿಕೊಂಡು ಕೇಳಿ ಟೈಪ್ ಮಾಡ್ತೀನಿ."

"ಅಂದ್ರೆ ಊರಿನವರ ಹೊಟ್ಟೆಯೊಳಗಿನ ಗುಟ್ಟೆಲ್ಲ ನಿಮ್ಮ ಕಿವಿಯೊಳಗೆ."

"ಕಿವಿಯಲ್ಲಿ ಹೋಗುತ್ತೆ, ಬೆರಳಲ್ಲಿ ಹೊರಗೆ ಬರುತ್ತೆ. ಬಾಯಿಗೆ ಮಾತ್ರ ಬರೋ ಹಾಗಿಲ್ಲ."

ಅವನು ನಕ್ಕ. ದಪ್ಪ, ತುಂಬಿದ ದನಿ. ಖಾಲಿ ಲಿಫ್ಟ್ ಗುಂಡಿಯೊಳಗೆ ಆ ನಗು ನಾಲ್ಕು ಮಹಡಿ ಇಳಿದು ಹೋಗಿ ಮೇಲೆ ಬಂತು. ದಿನವಿಡೀ ದನಿಗಳನ್ನೇ ಕೇಳುವವಳಿಗೆ ಅವತ್ತು ಮಧ್ಯಾಹ್ನದವರೆಗೂ ಬೇರೆ ದನಿ ಕಿವಿಗೆ ಹಿಡಿಸಲಿಲ್ಲ.

*

ಲಿಫ್ಟಿಗೆ ಬೇಕಾದ ಯಾವುದೋ ಗೇರು ಬರುವುದು ತಡವಾಯಿತು. ಅವನು ಮಾತ್ರ ದಿನಾ ಬಂದ. ಬೆಳಿಗ್ಗೆ ಅವಳು ಮೆಟ್ಟಿಲು ಹತ್ತಿ ಬರುವ ಹೊತ್ತಿಗೆ ಸರಿಯಾಗಿ ಒಂದು ಪದ ಹಿಡಿದು ಕಾದಿರುತ್ತಿದ್ದ. ಸರ್ವಿಸ್ ಪುಸ್ತಕದ ಹಿಂದಿನ ಹಾಳೆಗಳಲ್ಲಿ ಬರೆದುಕೊಳ್ಳುತ್ತಿದ್ದ. ಅವಳನ್ನು 'ಟೀಚರೇ' ಎಂದು ಕರೆಯಲು ಶುರುಮಾಡಿದ್ದ.

"ಟೀಚರೇ, ನನ್ನ ಫೈಲಲ್ಲಿ 'ಪೇಷಂಟ್ ಡಿನೈಸ್ ಸ್ಮೋಕಿಂಗ್' ಅಂತ ಬರೆದಿದ್ದಾರೆ. ಸೇದಲ್ಲ ಅಂದ್ರೆ ಸೇದಲ್ಲಪ್ಪ. ಡಿನೈಸ್ ಅಂದ್ರೆ ಪೊಲೀಸರ ಮುಂದೆ ನಿಲ್ಲಿಸಿದ ಹಾಗಾಯ್ತಲ್ಲ?"

"ನೀವು ಇಲ್ಲ ಅಂದಿದ್ದೀರಿ, ಅಷ್ಟೇ ಅದರ ಅರ್ಥ. ಅನುಮಾನ ಏನಿಲ್ಲ."

"ನಿಮಗೂ ಇಲ್ವಾ?"

"ನನಗೆ ಗ್ರೀಸ್ ವಾಸನೆ ಬಿಟ್ಟು ಬೇರೇನೂ ಬರ್ತಿಲ್ಲ."

ಮರುದಿನ ಇನ್ನೊಂದು. "ಆಕ್ಯೂಟ್ ಅಂದ್ರೆ ಜೋರಾಗಿರೋದು, ಸರೀನಾ?"

"ಎಲ್ಲರೂ ಹಾಗೇ ಅಂದುಕೊಳ್ತಾರೆ. ದಿಢೀರ್ ಅಂತ ಶುರುವಾಗಿದ್ದು ಆಕ್ಯೂಟ್. ಬಹಳ ದಿನದಿಂದ ಇರೋದು ಕ್ರಾನಿಕ್."

ಅವನು ಸ್ಪ್ಯಾನರ್ ಒರೆಸುತ್ತಾ, ತಲೆಯೆತ್ತದೆ, ಕಣ್ಣು ಮಾತ್ರ ಎತ್ತಿ ನೋಡಿದ. "ಹಾಗಾದ್ರೆ ನನ್ನದು ಆಕ್ಯೂಟ್. ಲಿಫ್ಟ್ ಕೆಟ್ಟ ಐದನೇ ದಿನ ಬೆಳಿಗ್ಗೆ ಒಂಬತ್ತಕ್ಕೆ ಶುರುವಾಯ್ತು."

"ಗಂಟಾ?"

"ಗಂಟಲ್ಲ."

ಅವಳು ಬ್ಯಾಗು ಹೆಗಲಿಗೇರಿಸಿಕೊಂಡು ಸರಸರ ಒಳಗೆ ಹೋದಳು. ಹೆಡ್‌ಫೋನ್ ಹಾಕಿಕೊಂಡ ಮೇಲೂ ಎರಡು ನಿಮಿಷ ರೆಕಾರ್ಡಿಂಗ್ ಒತ್ತಲು ಮರೆತಿದ್ದಳು. ಪಕ್ಕದ ಮೇಜಿನಿಂದ ಮೇಲ್ವಿಚಾರಕಿ ಕನ್ನಡಕದ ಮೇಲಿಂದ ನೋಡಿದರು. ನಿವೃತ್ತಿಗೆ ಎರಡು ವರ್ಷವಿದ್ದ, ಯಾರ ಹಂಗೂ ಇಲ್ಲದ ಹೆಂಗಸು.

"ಅಲ್ಲಿ ಲಿಫ್ಟ್ ರಿಪೇರಿ ಆಗ್ತಿದೆಯೋ, ಇಸ್ಕೂಲ್ ನಡೀತಿದೆಯೋ?"

"ಪದ ಕೇಳ್ತಾನೆ, ಹೇಳ್ತೀನಿ."

"ಹೇಳು, ಹೇಳು. ನನ್ನ ಗಂಡನೂ ಬಸ್ ಟೈಮ್ ಕೇಳ್ತಾ ಕೇಳ್ತಾ ಮೂವತ್ತು ವರ್ಷ ಆಯ್ತು."

ಪದಗಳ ವಿಷಯದಲ್ಲಿ ಅವಳು ಹಟಮಾರಿ ಎಂದು ಎಲ್ಲರಿಗೂ ಗೊತ್ತಿತ್ತು. ಯಾಕೆಂದು ಗೊತ್ತಿರಲಿಲ್ಲ. ಅದನ್ನು ಮೊದಲ ಸಲ ಅವನಿಗೆ ಹೇಳಿದಳು, ಮೆಟ್ಟಿಲ ಮೇಲೆ ಕೂತು, ಪೇಪರ್ ಕಪ್ಪಿನಲ್ಲಿ ಟೀ ಆರಿಸಿಕೊಳ್ಳುತ್ತಾ. ಅವಳಿಗೆ ಹದಿನೇಳಾಗಿದ್ದಾಗ ಅಪ್ಪ ಆಸ್ಪತ್ರೆಯಲ್ಲಿದ್ದ. ಡಾಕ್ಟರು ಬಂದು 'ಸ್ಟೇಬಲ್' ಅಂದರು. ಅಮ್ಮನಿಗೂ ಅವಳಿಗೂ ಅದು 'ಗುಣವಾಗುತ್ತಿದೆ' ಎಂದೇ ಕೇಳಿಸಿತು. ಸ್ನಾನ ಮಾಡಿ ಬಟ್ಟೆ ಬದಲಿಸಿ ಬರೋಣವೆಂದು ಮನೆಗೆ ಹೋದರು. ಇದ್ದ ಸ್ಥಿತಿಯಲ್ಲೇ ಇದೆ, ಬದಲಾಗಿಲ್ಲ ಎನ್ನುವುದಷ್ಟೇ ಅದರ ಅರ್ಥ. ಅಪ್ಪನ ಸ್ಥಿತಿ ಕೆಟ್ಟದಾಗಿಯೇ ಇತ್ತು. ಒದ್ದೆ ಕೂದಲಲ್ಲಿ ಓಡಿ ಬರುವಷ್ಟರಲ್ಲಿ ಹಾಸಿಗೆ ಖಾಲಿ.

"ಡಾಕ್ಟರು ಸುಳ್ಳು ಹೇಳಲಿಲ್ಲ. ನಾವು ತಪ್ಪು ಕೇಳಿಸಿಕೊಳ್ಳಲೂ ಇಲ್ಲ. ನಮಗೆ ಬೇಕಾದ ಅರ್ಥ ಹಾಕಿಕೊಂಡ್ವಿ, ಅಷ್ಟೇ."

ಅವನು ಅವಳ ಕಪ್ಪಿನ ಅಂಚಿನಿಂದ ಕೈಗೆ ಸುರಿಯುತ್ತಿದ್ದ ಟೀಯನ್ನು ತನ್ನ ಕರ್ಚೀಫಿನಿಂದ ಒತ್ತಿ ಹಿಡಿದ. ಒಗೆದು ಇಸ್ತ್ರಿ ಮಾಡಿದ, ಗ್ರೀಸಿನ ಕಲೆಯೇ ಇಲ್ಲದ ಕರ್ಚೀಫು. ಅವನ ಅಕ್ಕ ಲಾಂಡ್ರಿ ನಡೆಸುತ್ತಾಳೆ, ತಾನು ಅದರ ಹಿಂದಿನ ಕೋಣೆಯಲ್ಲಿರುತ್ತೇನೆ ಎಂದು ಅವತ್ತೇ ಹೇಳಿದ.

*

ಸೂಜಿ ಪರೀಕ್ಷೆಯ ಫಲಿತಾಂಶ ಬಂದ ದಿನ ಅವನ ಪುಸ್ತಕದಲ್ಲಿ ಎರಡು ಪದಗಳಿದ್ದವು. ಫಾಲಿಕ್ಯುಲರ್ ನಿಯೋಪ್ಲಾಸಂ.

"ನಿಯೋಪ್ಲಾಸಂ ಅಂದ್ರೆ ಕ್ಯಾನ್ಸರಾ?" ಅವನ ದನಿಯಲ್ಲಿ ನಗು ಇತ್ತು. ಪುಸ್ತಕ ಹಿಡಿದ ಕೈಯಲ್ಲಿ ಇರಲಿಲ್ಲ.

"ಹೊಸ ಬೆಳವಣಿಗೆ ಅಂತ ಅರ್ಥ. ಒಳ್ಳೇದೂ ಇರಬಹುದು, ಕೆಟ್ಟದ್ದೂ ಇರಬಹುದು. ಈ ಜಾತಿಯ ಗಂಟನ್ನ ಸೂಜಿಯಲ್ಲಿ ತೆಗೆದ ಚೂರು ನೋಡಿ ಹೇಳೋಕಾಗಲ್ಲ. ಇಡೀ ಗಂಟು ತೆಗೆದು, ಅದರ ಸಿಪ್ಪೆ ಒಡೆದು ಹೊರಗೆ ಬಂದಿದೆಯಾ ಅಂತ ನೋಡಬೇಕು."

"ಆಪರೇಷನ್ ಮುಂದಿನ ಬುಧವಾರ. ಅಲ್ಲೊಂದು ನರ ಇದೆಯಂತೆ, ರಿಕರೆಂಟ್ ಅಂತೇನೋ. ಕಾಯಿಲೆ ಮತ್ತೆ ಮತ್ತೆ ಬರೋದಕ್ಕೆ ರಿಕರೆಂಟ್ ಅಂತಾರಲ್ವಾ? ನರವೇ ಮತ್ತೆ ಬರುತ್ತಾ?"

ಅವಳು ಅವನ ಪೆನ್ನು ತೆಗೆದುಕೊಂಡು ಪುಸ್ತಕದಲ್ಲಿ ಗೆರೆ ಎಳೆದು ತೋರಿಸಿದಳು. "ತಿರುಗಿ ಬರೋ ನರ ಅಂತ. ಮಾತಿನ ನರ ಇದು. ತಲೆಯಿಂದ ಹೊರಟು ನೆಟ್ಟಗೆ ಗಂಟಲಿಗೆ ಹೋಗಬಹುದಿತ್ತು. ಹೋಗಲ್ಲ. ಎಡಗಡೆಯದು ಎದೆಯವರೆಗೂ ಇಳಿದು, ಹೃದಯದಿಂದ ಹೊರಡೋ ದೊಡ್ಡ ರಕ್ತನಾಳವನ್ನ ಒಂದು ಸುತ್ತು ಹಾಕಿ, ಆಮೇಲೆ ಮೇಲೆ ಬಂದು ಗಂಟಲು ಸೇರುತ್ತೆ."

ಅವನು ಆ ಗೆರೆಯ ಮೇಲೆ ಬೆರಳಾಡಿಸಿದ. "ಎದೆ ಮುಟ್ಟಿ ಬರದೆ ಮಾತೇ ಆಡಲ್ಲ ಅನ್ನುತ್ತೆ."

"ಆಪರೇಷನ್‌ನಲ್ಲಿ ಅದಕ್ಕೆ ಪೆಟ್ಟಾದ್ರೆ ದನಿ ಹೋಗಬಹುದು. ಸ್ವಲ್ಪ ದಿನ. ಅಪರೂಪಕ್ಕೆ ಬಹಳ ದಿನ."

"ಹಾಗಾದ್ರೆ ಹೇಳೋದೇನಿದ್ರೂ ಮಂಗಳವಾರದೊಳಗೆ ಹೇಳಬೇಕು."

ಮಂಗಳವಾರ ಗೇರು ಬಂತು. ದಿನವಿಡೀ ಇಬ್ಬರು ಸಹಾಯಕರ ಜೊತೆ ಅವನು ಗುಂಡಿಯೊಳಗೇ ಇದ್ದ. ಸಂಜೆ ಐದಕ್ಕೆ ಲಿಫ್ಟ್ ಗುಂಯ್ ಎಂದು ನಾಲ್ಕನೇ ಮಹಡಿಗೆ ಬಂದು ನಿಂತಾಗ ಅದರ ತುಂಬ ಜನ. ಅವಳು ಒಳಗೆ, ಅವನು ಹೊರಗೆ. ಮುಚ್ಚುವ ಬಾಗಿಲ ನಡುವೆ ಒಮ್ಮೆ ಕಣ್ಣು ಸೇರಿದವು, ಅಷ್ಟೇ. ಅವನ ಫೋನ್ ನಂಬರ್ ಕೂಡ ತನ್ನ ಹತ್ತಿರ ಇಲ್ಲವೆಂದು ಅವಳಿಗೆ ಹೊಳೆದಿದ್ದು ಎರಡನೇ ಮಹಡಿ ದಾಟಿದ ಮೇಲೆ.

*

ಬುಧವಾರ ಹೋಯಿತು. ಗುರುವಾರ, ಶುಕ್ರವಾರವೂ ಹೋದವು. ಅವಳು ಕೂತಲ್ಲಿ ಕೂರಲಾರದೆ, ನಿಂತಲ್ಲಿ ನಿಲ್ಲಲಾರದೆ ಓಡಾಡಿದಳು. ಲಿಫ್ಟ್ ಬಾಗಿಲು ತೆರೆದಾಗಲೆಲ್ಲ ತಲೆ ತಾನಾಗಿ ಆ ಕಡೆ ತಿರುಗುತ್ತಿತ್ತು. ಮನೆಯಲ್ಲಿ ಅಮ್ಮ, "ಏನೇ ಇದು, ಮೈಮೇಲೆ ಇರುವೆ ಬಿಟ್ಟುಕೊಂಡವಳ ಹಾಗೆ ಆಡ್ತೀಯ" ಎಂದಳು.

ಸೋಮವಾರ ಹನ್ನೊಂದಕ್ಕೆ ಅವಳ ಕಿವಿಗೆ ಲ್ಯಾಬಿನ ಡಾಕ್ಟರ ದನಿ ಬಂತು. ಯಾವಾಗಲೂ ಬಾಯಲ್ಲಿ ಪೆಪ್ಪರ್‌ಮಿಂಟ್ ಇಟ್ಟುಕೊಂಡೇ ಮಾತಾಡುವವರು. ಹೆಸರಿಲ್ಲ, ನಂಬರ್ ಮಾತ್ರ. ಗಂಡಸು, ಮೂವತ್ತಮೂರು ವರ್ಷ, ಲಿಫ್ಟ್ ಮೆಕ್ಯಾನಿಕ್. ಥೈರಾಯ್ಡಿನ ಎಡ ಭಾಗ.

ಅವಳ ಬೆರಳುಗಳು ಕೀಬೋರ್ಡಿನ ಮೇಲೇ ನಿಂತವು. ದನಿ ಮುಂದುವರಿಯಿತು. ಗಂಟಿನ ಅಳತೆ, ಬಣ್ಣ. ಸಿಪ್ಪೆ ದಪ್ಪಗಿದೆ, ಒಂದು ಕಡೆ ಮಸುಕು. ರಕ್ತನಾಳಗಳೊಳಗೆ ಏನೂ ಇಲ್ಲ. ಆಮೇಲೆ, "ಕ್ಯಾಪ್ಸುಲರ್ ಇನ್ವೇಷನ್ ನ್—" ಎಂಬಲ್ಲಿ ಯಾರೋ ಬಾಗಿಲು ದಢಾರನೆ ಹಾಕಿದ ಸದ್ದು. ಮತ್ತೆ, "ಇನ್ನಷ್ಟು ಸ್ಲೈಡು ನೋಡಿ ಕೊನೆಯ ಅಭಿಪ್ರಾಯ ಕೊಡುತ್ತೇನೆ." ಅಲ್ಲಿಗೆ ಮುಗಿಯಿತು.

ನಾಟ್ ಸೀನ್ ಅಂದರೆ ಗಂಟು ಸಿಪ್ಪೆಯೊಳಗೇ ಇದೆ, ಸಾಧು. ನೋಟೆಡ್ ಅಂದರೆ ಸಿಪ್ಪೆ ಒಡೆದಿದೆ, ಕ್ಯಾನ್ಸರ್. ಎರಡರ ನಡುವೆ ಇರುವುದು ಒಂದು ಬಾಗಿಲಿನ ಸದ್ದು.

ಇಂಥ ಎಷ್ಟೋ ಅರ್ಧ ಪದಗಳನ್ನು ಅವಳು ಬಿಡಿಸಿದ್ದಳು. ಹಿಂದಿನ ಸಾಲು, ಮುಂದಿನ ಸಾಲು ನೋಡಿದರೆ ಪದ ತಾನೇ ಬಾಯಿ ಬಿಡುತ್ತದೆ. ಇಲ್ಲಿ ಬಿಡಲಿಲ್ಲ. 'ರಕ್ತನಾಳದಲ್ಲಿ ಇಲ್ಲ' ಎಂಬುದು ನಾಟ್ ಕಡೆ ಎಳೆಯಿತು. 'ಒಂದು ಕಡೆ ಮಸುಕು' ನೋಟೆಡ್ ಕಡೆ ಎಳೆಯಿತು. ಹತ್ತು ಸಲ, ಇಪ್ಪತ್ತು ಸಲ ಕೇಳಿದಳು. ನಲವತ್ತನೇ ಸಲಕ್ಕೆ ನಾಟ್ ಎಂದು ಸ್ಪಷ್ಟವಾಗಿ ಕೇಳಿಸತೊಡಗಿತು. ಟೈಪ್ ಮಾಡಿಯೂ ಬಿಟ್ಟಳು. ಪರದೆಯ ಮೇಲಿನ ಆ ಪದವನ್ನು ನೋಡಿದಳು. ಅಕ್ಷರ ಅಕ್ಷರವಾಗಿ ಅಳಿಸಿ, ಹೆಡ್‌ಫೋನ್ ತೆಗೆದು ಮೇಲ್ವಿಚಾರಕಿಯ ಮೇಜಿನ ಮೇಲಿಟ್ಟಳು.

"ಇದನ್ನ ನೀವು ನೋಡಿ. ಈ ಪೇಷಂಟ್ ನನಗೆ ಗೊತ್ತು. ನನ್ನ ಕಿವಿಗೆ ಬೇಕಾದ್ದೇ ಕೇಳಿಸ್ತಿದೆ."

ಅವರು ಒಂದೇ ಸಲ ಕೇಳಿದರು. ಆ ಜಾಗ ಖಾಲಿ ಬಿಟ್ಟು, ಡಾಕ್ಟರೇ ತುಂಬಬೇಕೆಂದು ಕೆಂಪು ಗುರುತು ಹಾಕಿದರು. "ಡಾಕ್ಟರು ಸಮ್ಮೇಳನಕ್ಕೆ ಹೋಗಿದ್ದಾರೆ. ಗುರುವಾರ ಬರೋದು." ಆಮೇಲೆ ದನಿ ತಗ್ಗಿಸಿ, "ಮೂರು ದಿನ ಬಾಯಿಗೆ ಬೀಗ. ಅವನಿಗೂ ಹೇಳೋ ಹಾಗಿಲ್ಲ, ಗೊತ್ತಲ್ಲ?"

*

ಮರುದಿನವೇ ಲಿಫ್ಟ್ ಬಾಗಿಲು ತೆರೆದು ಅವನು ಹೊರಗೆ ಬಂದ. ಕುತ್ತಿಗೆಗೆ ಬಿಳಿ ಪಟ್ಟಿ, ಶರ್ಟಿನ ಮೇಲಿನ ಗುಂಡಿ ಬಿಚ್ಚಿತ್ತು, ಮುಖ ಇಳಿದಿತ್ತು. ಅವಳನ್ನು ನೋಡಿ ಬಾಯಿ ತೆರೆದ. ಬಂದದ್ದು ದನಿಯಲ್ಲ, ಬರೀ ಗಾಳಿ, ಒಣಗಿದ ಎಲೆ ತುಳಿದ ಹಾಗೆ.

"ಟೀಚರೇ. ನರ ಮುನಿಸಿಕೊಂಡಿದೆ. ಕಡಿದಿಲ್ಲವಂತೆ, ಜಜ್ಜಿದೆಯಂತೆ. ತಿಂಗಳುಗಟ್ಟಲೆ ಆಗಬಹುದು."

ಅವಳಿಗೆ ಅವನ ಕೈ ಹಿಡಿಯಬೇಕೆನಿಸಿತು. ಹಿಡಿದರೆ ಮುಖ ಎಲ್ಲ ಹೇಳಿಬಿಡುತ್ತದೆ ಎಂದು ಕೈ ಕಟ್ಟಿಕೊಂಡಳು.

"ರಿಪೋರ್ಟ್ ಬಂತಾ ಅಂತ..." ಅವನು ಉಸಿರಲ್ಲೇ ಕೇಳಿದ.

"ನಾನು ಈಗ ನಿಮ್ಮ ಜೊತೆ ಮಾತಾಡೋ ಹಾಗಿಲ್ಲ" ಎಂದಳು, ನೆಲ ನೋಡುತ್ತಾ. "ದಯವಿಟ್ಟು ಹೋಗಿ."

ಅವನು ತನ್ನ ಗಂಟಲಿನ ಪಟ್ಟಿಯನ್ನು ಒಮ್ಮೆ ಮುಟ್ಟಿಕೊಂಡ. ಆಮೇಲೆ ಲಿಫ್ಟ್ ಬಿಟ್ಟು ಮೆಟ್ಟಿಲಿಳಿದು ಹೋದ, ಒಂದೊಂದೇ ಮೆಟ್ಟಿಲು. ಕೊನೆಯ ಮೆಟ್ಟಿಲಿನ ಸದ್ದಿನವರೆಗೂ ಅವಳು ಅಲ್ಲೇ ಇದ್ದಳು.

ಬುಧವಾರ ಮಧ್ಯಾಹ್ನ ಒಬ್ಬ ಹೆಂಗಸು ಆಫೀಸಿನ ಬಾಗಿಲಲ್ಲಿ ಬಂದು ನಿಂತಳು. ಬಿಸಿನೀರಿನಲ್ಲಿ ಬೆಂದು ಕೆಂಪಾದ ಕೈಗಳು, ಸೊಂಟದ ಮೇಲೆ.

"ಟೀಚರಮ್ಮ ಅಂದ್ರೆ ನೀನೇನಾ? ನಾನು ಅವನ ಅಕ್ಕ. ನಿನ್ನೆಯಿಂದ ಊಟ ಮುಟ್ಟಿಲ್ಲ ಅವನು. ಹೋದದ್ದು ದನಿಯೋ ಜೀವವೋ ಅನ್ನೋ ಹಾಗೆ ಕೂತಿದ್ದಾನೆ. ದನಿ ಹೋದವನು ಬೇಡವಾದ್ನಾ ನಿನಗೆ? ಇಲ್ಲ, ಅವನ ಕಾಗದದಲ್ಲಿ ಏನಾದ್ರೂ ಕಂಡ್ಯಾ?"

"ಹಾಗಂದುಕೊಂಡ್ರಾ ಅವರು?" ಅವಳ ದನಿಯೇ ಒಡೆಯಿತು. "ಅಕ್ಕಾ, ನನಗೆ ಗೊತ್ತಿರೋದು ಅರ್ಧ. ಅರ್ಧಕ್ಕಿಂತ ಏನೂ ಗೊತ್ತಿಲ್ಲದೇ ಇರೋದು ವಾಸಿ. ಅದನ್ನ ಹೇಳೋ ಹಕ್ಕೂ ನನಗಿಲ್ಲ."

ಅಕ್ಕ ಅವಳನ್ನು ಮೇಲಿಂದ ಕೆಳಗೆ ನೋಡಿದಳು. "ಹಕ್ಕಿರೋದು ಏನಾದ್ರೂ ಇದೆಯಾ?"

ಅವಳು ಮೇಲ್ವಿಚಾರಕಿಯ ಕಡೆ ತಿರುಗಿದಳು. ಅವರು ಪರದೆಯಿಂದ ಕಣ್ಣು ತೆಗೆಯದೆ, "ಅರ್ಧ ದಿನ ರಜೆ ಬರೆದ್ಕೊಂಡಿದ್ದೀನಿ" ಎಂದರು.

ಲಾಂಡ್ರಿಯಲ್ಲಿ ಆರು ಯಂತ್ರಗಳು ಒಟ್ಟಿಗೆ ತಿರುಗುತ್ತಿದ್ದವು. ಹಬೆ, ಸೋಪಿನ ವಾಸನೆ, ಮಡಚಿದ ಬಿಳಿ ಚಾದರಗಳ ಗೋಡೆ. ಅದರ ಹಿಂದೆ ಅವನು ಸ್ಟೂಲಿನ ಮೇಲೆ ಕೂತು ಜೋಡಿ ತಪ್ಪಿದ ಕಾಲುಚೀಲಗಳನ್ನು ಸೇರಿಸುತ್ತಿದ್ದ. ಅವಳನ್ನು ನೋಡಿ ಎದ್ದ. ಮಡಿಲಿನ ಕಾಲುಚೀಲಗಳೆಲ್ಲ ನೆಲಕ್ಕೆ ಬಿದ್ದವು.

"ನಿಮ್ಮ ಕುತ್ತಿಗೆ ವಿಷಯ ನಾನು ಹೇಳೋ ಹಾಗಿಲ್ಲ" ಎಂದಳು. ಯಂತ್ರಗಳ ಸದ್ದಿಗೆ ಕೂಗಿಯೇ ಹೇಳಬೇಕಾಯಿತು. "ನನ್ನ ವಿಷಯ ಹೇಳಬಹುದು. ಹೇಳಲಾ?"

ಅವನು ಬೇಡವೆಂದು ತಲೆಯಾಡಿಸಿದ. ಹತ್ತಿರ ಬಂದು, ಅವಳ ಕಿವಿಯ ಬಳಿ ಉಸಿರಿದ. "ನಾಳೆ ಆಗಲಿ. ಗೊತ್ತಾಗಲಿ ಮೊದಲು."

"ಗೊತ್ತಾದ ಮೇಲೆ ಹೇಳಿದ್ರೆ ರಿಪೋರ್ಟಿಗೆ ಹೇಳಿದ ಹಾಗಾಗುತ್ತೆ. ನಾಳೆ ಒಳ್ಳೇದಾದ್ರೆ, ಅದಕ್ಕೇ ಒಪ್ಪಿಕೊಂಡಳು ಅಂತೀರಿ. ಕೆಟ್ಟದಾದ್ರೆ, ಕನಿಕರ ಅಂತೀರಿ. ಇವತ್ತು ನನಗೂ ಗೊತ್ತಿಲ್ಲ, ನಿಮಗೂ ಗೊತ್ತಿಲ್ಲ. ಇವತ್ತೇ ಹೇಳ್ತೀನಿ. ನನಗೆ ನೀವು ಬೇಕು. ದನಿ ಇದ್ರೂ, ಇಲ್ದಿದ್ರೂ. ಇಷ್ಟು ದಿನ ಕೂತಲ್ಲಿ ಕೂತಿಲ್ಲ ನಾನು, ಸಾಕಾಗಿದೆ."

ಅದೇ ಗಳಿಗೆಗೆ ಒಂದು ಯಂತ್ರ ತಿರುಗುವುದು ನಿಲ್ಲಿಸಿತು, ಅದರ ಹಿಂದೆಯೇ ಉಳಿದವೂ ನಿಂತವು. ಕೊನೆಯ ಮಾತು ಇಡೀ ಅಂಗಡಿಗೆ ಕೇಳಿಸಿತು. ಬಟ್ಟೆ ಒಯ್ಯಲು ಬಂದ ಇಬ್ಬರು ಗಿರಾಕಿಗಳು ತಿರುಗಿ ನೋಡಿದರು. ಅಕ್ಕ ಚಾದರದ ಗೋಡೆಯ ಆಚೆಯಿಂದ, "ಈಗಲಾದ್ರೂ ಊಟ ಮಾಡ್ತಾನಾ ಕೇಳು!" ಎಂದಳು.

ಅವನು ನಗಲು ಹೋಗಿ ಕೆಮ್ಮಿದ. ಕಣ್ಣಲ್ಲಿ ನೀರು ಬಂತು, ಕೆಮ್ಮಿಗೋ ಏನೋ. ಅವಳ ಕೈಯನ್ನು ಎರಡೂ ಕೈಗಳಲ್ಲಿ ಹಿಡಿದುಕೊಂಡು, ಕೆಂಪು ಕಾಲುಚೀಲವೊಂದು ನಡುವೆ ಸಿಕ್ಕಿಕೊಂಡದ್ದನ್ನೂ ಗಮನಿಸದೆ, ಹಾಗೇ ನಿಂತ.

*

ಗುರುವಾರ ಸರ್ಜನ್ನರ ಕೋಣೆಗೆ ಅವಳು ಜೊತೆಗೆ ಹೋದಳು. ಸರ್ಜನ್ ಕನ್ನಡಕ ಏರಿಸಿ ಕಾಗದ ನೋಡಿದರು.

"ಕ್ಯಾಪ್ಸುಲರ್ ಇನ್ವೇಷನ್ ನೋಟೆಡ್" ಎಂದು ಓದಿದರು. "ಮಿನಿಮಲಿ ಇನ್ವೇಸಿವ್ ಫಾಲಿಕ್ಯುಲರ್ ಕಾರ್ಸಿನೋಮಾ."

ಎಂಟು ವರ್ಷ ಇವೇ ಪದಗಳನ್ನು ಟೈಪ್ ಮಾಡಿದ್ದವಳಿಗೆ ಆ ಕ್ಷಣ ಒಂದು ಪದವೂ ಅರ್ಥವಾಗಲಿಲ್ಲ. ಸರ್ಜನ್ನರ ತುಟಿ ಅಲುಗುತ್ತಿತ್ತು, ಕಿವಿಯೊಳಗೆ ಬರೀ ಗುಂಯ್ ಎನ್ನುವ ಸದ್ದು. ನೀರೊಳಗಿಂದ ನೋಡುತ್ತಿದ್ದ ಹಾಗಿತ್ತು.

ಪಕ್ಕದಲ್ಲಿ ಅವನು ಪುಸ್ತಕ ತೆರೆದು ಪೆನ್ನು ಹಿಡಿದು ಮುಂದಕ್ಕೆ ಬಾಗಿದ. ಆ ಗಾಳಿದನಿಯಲ್ಲೇ, ಒಂದೊಂದೇ ಕೇಳಿದ.

"ಡಾಕ್ಟ್ರೇ, ಮಿನಿಮಲಿ ಅಂದ್ರೆ?"

"ಸಿಪ್ಪೆಯನ್ನ ಒಂದೇ ಜಾಗದಲ್ಲಿ, ಸ್ವಲ್ಪವೇ ದಾಟಿದೆ. ರಕ್ತನಾಳಕ್ಕೆ ಹೋಗಿಲ್ಲ."

"ಅಂದ್ರೆ, ಎಲ್ಲಾ ತೆಗೆದಾಗಿದೆಯಾ?"

"ಎಲ್ಲ ತೆಗೆದಿದ್ದೀವಿ. ಇಷ್ಟು ಚಿಕ್ಕದಕ್ಕೆ ಇನ್ನೊಂದು ಆಪರೇಷನ್ ಬೇಡ. ಆರು ತಿಂಗಳಿಗೊಮ್ಮೆ ಬಂದು ತೋರಿಸಿ."

"ಕ್ಯಾನ್ಸರ್ ಹೌದು, ಆದ್ರೆ ಸಾಯಲ್ಲ. ಹಾಗೆ ಬರೆದುಕೊಳ್ಳಲಾ?"

ಸರ್ಜನ್ ನಕ್ಕರು. "ಇದರಿಂದ ಸಾಯೋ ಸಾಧ್ಯತೆ ಬಹಳ ಬಹಳ ಕಡಿಮೆ. ಹಾಗೆ ಬರೆದುಕೊಳ್ಳಿ."

ಅವನು ಬರೆದು, ಪುಸ್ತಕವನ್ನು ಅವಳ ಮಡಿಲಿಗೆ ಸರಿಸಿದ. ದಪ್ಪ ದಪ್ಪ ಅಕ್ಷರ, ಕೊನೆಯ ಸಾಲಿಗೆ ಎರಡು ಅಡಿಗೆರೆ. ಅವಳು ಓದಿದಳು. ಇನ್ನೊಮ್ಮೆ ಓದಿದಳು. ಆಮೇಲೆ ಅವಳಿಗೆ ಅಳು ಬಂತು, ಮೂಗು ಸೋರುವಂಥ, ಸೊಗಸಿಲ್ಲದ ಅಳು. ಸರ್ಜನ್ ಕಿಟಕಿಯಾಚೆ ಏನೋ ಮುಖ್ಯವಾದದ್ದು ಕಂಡವರ ಹಾಗೆ ಆ ಕಡೆ ತಿರುಗಿದರು.

ಹೊರಗೆ ರಸ್ತೆಯಲ್ಲಿ ಬಿಸಿಲು, ಹಾರ್ನು, ಜನ. ಇಬ್ಬರೂ ಬಸ್ ನಿಲ್ದಾಣದವರೆಗೆ ನಡೆದರು. ಅವಳ ಬಸ್ ದೂರದಲ್ಲಿ ತಿರುವು ತೆಗೆದುಕೊಂಡು ಬರುತ್ತಿದ್ದಾಗ ಅವನು ಅವಳ ತೋಳು ಹಿಡಿದು ನಿಲ್ಲಿಸಿದ. ಗಂಟಲು ಸರಿಮಾಡಿಕೊಂಡ. ಒಮ್ಮೆ ಗಾಳಿ ಬಂತು. ಮತ್ತೊಮ್ಮೆ ಪ್ರಯತ್ನಿಸಿದ. ಮೂರನೇ ಸಲಕ್ಕೆ, ಬಿರುಕು ಬಿಟ್ಟ, ಅರೆಬರೆ ದನಿಯೊಂದು ಹೊರಬಂತು.

"ನನ್ನ ಮದುವೆಯಾಗ್ತೀಯಾ?"

ಬಸ್ ಬಂದು ನಿಂತಿತು, ಬಾಗಿಲು ತೆರೆಯಿತು, ಹತ್ತುವವರು ಅವರಿಬ್ಬರನ್ನು ಬಳಸಿಕೊಂಡು ಹತ್ತಿದರು.

"ಕೇಳಿಸ್ಲಿಲ್ಲ" ಎಂದಳು ಅವಳು. "ಇನ್ನೊಂದ್ಸಲ ಹೇಳು."

ಕೇಳಿಸಿತ್ತು. ಅವನಿಗೂ ಅದು ಗೊತ್ತಿತ್ತು. ಆದರೂ ಎದೆತುಂಬ ಉಸಿರು ಎಳೆದುಕೊಂಡು ಇನ್ನೊಂದು ಸಲ ಹೇಳಿದ. ಬಸ್ ಅವಳನ್ನು ಬಿಟ್ಟು ಹೊರಟುಹೋಯಿತು.